ಅರ್ಜುನ ಜಕಾರ್ತಕ್ಕೆ ಹೋದ, ಬೇತಮಂಗಲಕ್ಕೆ ಬರಲಿಲ್ಲ

2014ರಲ್ಲಿ ಇಂಡೋನೇಷ್ಯಾದ ಎಎನ್‌ಟಿವಿ ನಮ್ಮ ಸ್ಟಾರ್ ಪ್ಲಸ್‌ನ ‘ಮಹಾಭಾರತ’ವನ್ನು ಅಲ್ಲಿನ ಭಾಷೆಗೆ ಡಬ್ ಮಾಡಿ ಹಾಕಿತು. ಆಗ ಜಗತ್ತಿನಲ್ಲೇ ಅತಿ ಹೆಚ್ಚು ಮುಸ್ಲಿಮರಿದ್ದ ದೇಶ. ಜನ ಮುಗಿಬಿದ್ದು ನೋಡಿದರು. ಅರ್ಜುನನ ಪಾತ್ರಧಾರಿ ಶಹೀರ್ ಶೇಖ್ ಅಲ್ಲಿ ದೊಡ್ಡ ಸ್ಟಾರೇ ಆಗಿಬಿಟ್ಟ.

ಅವರ ಭಾಷೆ ಸಾಯಲಿಲ್ಲ. ಹಿಂದಿ ಸಿನಿಮಾ ಹಾಡಿನ ಮಟ್ಟು ಹೀರಿಕೊಂಡೇ ಬೆಳೆದ ಅವರ ದಂಗ್‌ದುತ್ ಸಂಗೀತಕ್ಕೂ ಏನೂ ಆಗಲಿಲ್ಲ.

ಅದೇ ‘ಮಹಾಭಾರತ’ ಕನ್ನಡದಲ್ಲಿ ಮಾತಾಡಿದ್ದು 2020ರಲ್ಲಿ. ಅದೂ ಲಾಕ್‌ಡೌನ್ ಆಗಿ, ಶೂಟಿಂಗ್ ನಿಂತು, ಚಾನೆಲ್ಲಿಗೆ ಬೇರೆ ಗತಿಯಿಲ್ಲದಾಗ. ಕೊರೊನಾ ಬರದಿದ್ದರೆ ಪಾಂಡವರ ಅಜ್ಞಾತವಾಸ ಇನ್ನೂ ಮುಗಿಯುತ್ತಿರಲಿಲ್ಲ.

ಅಲ್ಲಿಯವರೆಗೆ ತಡೆದದ್ದು ನಮ್ಮ ಚಿತ್ರರಂಗದವರೇ. ಡಬ್ಬಿಂಗ್ ಬಂದರೆ ಕನ್ನಡ ಹಾಳಾಗುತ್ತದಂತೆ. 2012ರಲ್ಲಿ ಆಮಿರ್ ಖಾನ್ ‘ಸತ್ಯಮೇವ ಜಯತೇ’ ಟಿವಿ ಕಾರ್ಯಕ್ರಮ ತಂದಾಗಲೂ ಇದೇ ರಾಗ. ಹೆಣ್ಣು ಭ್ರೂಣಹತ್ಯೆ ತಪ್ಪು ಎಂಬುದನ್ನು ಕನ್ನಡಿಗ ಹಿಂದಿಯಲ್ಲೇ ತಿಳಿದುಕೊಳ್ಳಬೇಕಿತ್ತು. ಕೊನೆಗೆ 2015ರಲ್ಲಿ ಡಬ್ಬಿಂಗ್ ತಡೆದದ್ದಕ್ಕೆ ಭಾರತೀಯ ಸ್ಪರ್ಧಾ ಆಯೋಗ ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿಗೆ ದಂಡ ಜಡಿಯಿತು.

ಹೀಗೆ ಕನ್ನಡ ಉಳಿಸಿದ ಮಹನೀಯರು ಒಮ್ಮೆ ನಮ್ಮ ಗಡಿಯೂರು ಬೇತಮಂಗಲಕ್ಕೆ ಬರಲಿ. ಆಂಧ್ರ, ತಮಿಳುನಾಡು ಎರಡೂ ಪಕ್ಕದಲ್ಲೇ. ಟೀ ಅಂಗಡಿಯಲ್ಲಿ ಕನ್ನಡ ಮೀಡಿಯಂ ಹುಡುಗನ ಮೊಬೈಲಿಗೆ ಇಣುಕಲಿ. ವಿಜಯ್ ತಮಿಳಲ್ಲೇ ಬಯ್ಯುತ್ತಾನೆ, ಅಲ್ಲು ಅರ್ಜುನ್ ತೆಲುಗಲ್ಲೇ ಮೀಸೆ ತಿರುವುತ್ತಾನೆ. ಬರಬೇಡ ಅಂದ ಸಿನಿಮಾ ಬಂದೇ ಬಂತು. ಬರದೆ ಉಳಿದದ್ದು ಕನ್ನಡ ಮಾತ್ರ.

ಇನ್ನು ನಮ್ಮ ಹೆಮ್ಮೆಯ ‘ಕೆಜಿಎಫ್’. ಇಲ್ಲೇ ಪಕ್ಕದ ಚಿನ್ನದ ಗಣಿಯ ಸೈನೈಡ್ ದಿಬ್ಬಗಳಲ್ಲಿ ಸೆಟ್ ಹಾಕಿ ತೆಗೆದದ್ದು. ಸಿನಿಮಾದ ಎರಡೂ ಭಾಗ, 2018ರಲ್ಲೂ 2022ರಲ್ಲೂ, ಹಿಂದಿ, ತಮಿಳು, ತೆಲುಗು, ಮಲಯಾಳಕ್ಕೆ ಡಬ್ ಆಗಿ ದೇಶ ಸುತ್ತಿತು. ಆಗ ಯಾವ ಸಂಸ್ಕೃತಿಗೂ ನೆಗಡಿಯಾಗಲಿಲ್ಲ. ನಾವು ಹೋದರೆ ದಿಗ್ವಿಜಯ, ಅವರು ಬಂದರೆ ದಾಳಿ!

ಈಗ ಡಬ್ಬಿಂಗಿಗೆ ಅಡ್ಡಿಯಿಲ್ಲ. ಆದರೂ ಕನ್ನಡ ಪ್ರತಿಗೆ ಪರದೆ ಸಿಗುವುದೇ ಕಷ್ಟ. ತೆಲುಗಿಗೆ ಮಾತ್ರ ಹೌಸ್‌ಫುಲ್ ಬೋರ್ಡು. ಥಿಯೇಟರಿನವರನ್ನು ಕೇಳಿದರೆ, “ಕನ್ನಡದಲ್ಲಿ ಹಾಕಿದ್ರೆ ಜನ ನೋಡಲ್ಲ ಸಾರ್” ಅನ್ನುತ್ತಾರೆ. ಅರವತ್ತರ ದಶಕದಿಂದ ನೋಡಲು ಬಿಡದೆ, ಈಗ ನೋಡಲ್ಲವಂತೆ.