ಅಳಿಯಂದಿರ ಪ್ರಗತಿ

ಹಳೇಬೀಡಿನ ಪಕ್ಕದ ನಮ್ಮ ಬಸ್ತಿಹಳ್ಳಿಗೆ ಬಂದವರೆಲ್ಲ ಪಾರ್ಶ್ವನಾಥ ಬಸದಿಯ ಕಂಬಗಳಲ್ಲಿ ಮುಖ ನೋಡಿಕೊಂಡೇ ಹೋಗುತ್ತಾರೆ. ಹೊಯ್ಸಳ ದಂಡನಾಯಕ ಗಂಗರಾಜನ ಮಗ ಬೊಪ್ಪ 1133ರಲ್ಲಿ ತಂದೆಯ ನೆನಪಿಗೆ ಕಟ್ಟಿಸಿದ ಬಸದಿ ಅದು. ಬಳಪದ ಕಲ್ಲನ್ನು ಹೇಗೆ ಕಡೆದು ಹೇಗೆ ಉಜ್ಜಿದರೋ, ಒಂಬೈನೂರು ವರ್ಷ ಆಗುತ್ತ ಬಂದರೂ ಹೊಳಪು ಹೋಗಿಲ್ಲ. ಕಂಬದ ಒಂದು ಉಬ್ಬಿನಲ್ಲಿ ನೀವು ಕುಳ್ಳ, ಇನ್ನೊಂದರಲ್ಲಿ ನೀಳ. ಜರುಗಿ ನಿಂತರೆ ಒಬ್ಬರು ಹೋಗಿ ಇಬ್ಬರು. ಜನ ನಕ್ಕು ಆಚೆ ಬರುತ್ತಾರೆ. ನಮ್ಮೂರ ಅಳಿಯಂದಿರು ಮಾತ್ರ ನಗಲಿಲ್ಲ. ಮದುವೆಯಾದ ಹೊಸದರಲ್ಲಿ ಆ ಕಂಬದ ಮುಂದೆ ನಿಂತವರು, ತಾವು ಇಬ್ಬರಾದದ್ದನ್ನು ಕಂಡು ಜೇಬಿನಿಂದ ಪುಸ್ತಕ ತೆಗೆದು 'ಬೆಳವಣಿಗೆ ಶೇ 100' ಎಂದು ಬರೆದುಕೊಂಡರು. ಪತ್ರಿಕೆಗೆ ಅವರು ಬರೆಯುವ ವಿಜ್ಞಾನ ಅಂಕಣ ಹುಟ್ಟಿದ್ದು ಅಲ್ಲೇ ಎಂದು ಊರಿನವರ ನಂಬಿಕೆ.

ಹೆಸರು ಹೇಳುವುದಿಲ್ಲ. ಇಂಥ ಅಳಿಯಂದಿರು ಒಬ್ಬೊಬ್ಬರು ಎಲ್ಲ ಊರಿಗೂ ಇದ್ದಾರೆ. ನಮ್ಮವರೇ ಹೆಚ್ಚು ಎಂದು ಮಿಕ್ಕವರ ಹೊಟ್ಟೆ ಉರಿಸುವುದೇಕೆ?

ಕನ್ನಡದಲ್ಲಿ ವಿಜ್ಞಾನ ಬರೆಯುವ ಕೆಲಸ ಮೊದಲು ಹೀಗಿರಲಿಲ್ಲ. 1918ರಲ್ಲಿ ಬೆಳ್ಳಾವೆ ವೆಂಕಟನಾರಣಪ್ಪನವರೂ ನಂಗಪುರಂ ವೆಂಕಟೇಶ ಅಯ್ಯಂಗಾರರೂ ಸೇರಿ 'ವಿಜ್ಞಾನ' ಎಂಬ ಮಾಸಪತ್ರಿಕೆ ಹೊರಡಿಸಿದರು. ಒಂದೊಂದು ಸಂಗತಿಗೂ ತಕ್ಕ ಕನ್ನಡ ಮಾತು ಹುಡುಕುತ್ತ ಕೂತರು. ಎರಡು ವರ್ಷಕ್ಕೆ ಪತ್ರಿಕೆ ನಿಂತಿತು. ಅಳಿಯಂದಿರು ಈ ಕತೆಯಿಂದ ಪಾಠ ಕಲಿತವರು. ಅವರಿಗೆ ಒಂದೇ ಮಾತು ಸಾಕು: ಇಮ್ಮಡಿ. ಅದನ್ನು ಅವರು ಪಡೆದದ್ದು ಸರ್ ಎಂ. ವಿಶ್ವೇಶ್ವರಯ್ಯನವರಿಂದ. ಯೋಜನೆ ಹಾಕಿ ನಡೆದರೆ ಹತ್ತು ವರ್ಷದಲ್ಲಿ ದೇಶದ ಆದಾಯ ಇಮ್ಮಡಿಯಾದೀತೆಂದು ವಿಶ್ವೇಶ್ವರಯ್ಯನವರು 1934ರಲ್ಲೇ ಪುಸ್ತಕ ಬರೆದಿದ್ದರು. ಆದರೆ ಅವರು ಕನ್ನಂಬಾಡಿ ಕಟ್ಟಿ ಆಮೇಲೆ ಪುಸ್ತಕಕ್ಕೆ ಕೈ ಹಾಕಿದವರು. ಅಷ್ಟು ಪುರುಸೊತ್ತು ಈಗ ಯಾರಿಗಿದೆ?

ಎಂಬತ್ತರ ದಶಕದಲ್ಲಿ ಸಾಮಾಜಿಕ ಅರಣ್ಯದ ಹೆಸರಿನಲ್ಲಿ ನೀಲಗಿರಿ ಬಂತು. ರಾಗಿ ಹೊಲಕ್ಕೆ ನೀಲಗಿರಿ ಹಾಕಿದರೆ ಏಳು ವರ್ಷಕ್ಕೆ ಲಕ್ಷಾಧಿಪತಿ ಎಂದು ಅಳಿಯಂದಿರು ಲೆಕ್ಕ ಕೊಟ್ಟರು. 2017ರಲ್ಲಿ ಸರ್ಕಾರ, ಅಂತರ್ಜಲ ಹೋಯಿತೆಂದು, ಇನ್ನು ನೀಲಗಿರಿ ನೆಡಕೂಡದು ಎಂದಿತು. ಅದು ಎಷ್ಟು ವೈಜ್ಞಾನಿಕ ನಿರ್ಧಾರ ಎಂದು ಮುಂದಿನ ವಾರದ ಅಂಕಣ. ಎರಡಕ್ಕೂ ಒಂದೇ ಫೋಟೋ. ಯೋಜನಾ ಆಯೋಗ ಇದ್ದಷ್ಟು ದಿನ ಅದಿಲ್ಲದೆ ದೇಶವಿಲ್ಲ ಎಂದರು. 2015ರ ಜನವರಿ 1ಕ್ಕೆ ನೀತಿ ಆಯೋಗ ಬಂದಾಗ, ಇದು ಇಷ್ಟು ದಿನ ಎಲ್ಲಿತ್ತು ಎಂದರು. ಜನ ಇದನ್ನು ನಾಲಿಗೆ ಹೊರಳಿಸುವುದು ಅನ್ನುತ್ತಾರೆ. ತಿಳಿಯದ ಜನ. ಹೊರಳಿದ್ದು ಆಯೋಗ, ಅಳಿಯಂದಿರು ಇದ್ದಲ್ಲೇ ಇದ್ದರು, ಸರ್ಕಾರದ ಮಗ್ಗುಲಲ್ಲಿ.

ಅವರ ಪ್ರತಿಭೆ ಪೂರ್ತಿ ಅರಳಿದ್ದು ಎತ್ತಿನಹೊಳೆಯಲ್ಲಿ. ಸಕಲೇಶಪುರದ ಹಳ್ಳಗಳ ನೀರನ್ನು ಮೇಲೆತ್ತಿ ನಮ್ಮ ಬೇಲೂರು, ಅರಸೀಕೆರೆಗಳ ಮೇಲೆ ಕಾಲುವೆಯಲ್ಲಿ ಕೋಲಾರದ ಕಡೆಗೆ ಒಯ್ಯುವ ಯೋಜನೆ. 2012ರಲ್ಲಿ ಅಂದಾಜು 8,323 ಕೋಟಿ ರೂಪಾಯಿ. ಎರಡು ವರ್ಷಕ್ಕೆ 12,912 ಕೋಟಿ. ಆಮೇಲೆ 23,251 ಕೋಟಿ. ನೀರಿನ ಲೆಕ್ಕ ಮಾತ್ರ ಅದೇ 24.01 ಟಿಎಂಸಿ. ಭಾರತೀಯ ವಿಜ್ಞಾನ ಸಂಸ್ಥೆಯ ಟಿ.ವಿ. ರಾಮಚಂದ್ರ ಅವರ ತಂಡ ಅಳೆದು ನೋಡಿ, ಅಲ್ಲಿ ಸಿಗುವುದು 9.55 ಟಿಎಂಸಿ ಎಂದಿತು. ಅಳಿಯಂದಿರು ವಿಜ್ಞಾನ ಪತ್ರಕರ್ತರು, ವಿಜ್ಞಾನಿಗಳ ಮಾತಿಗೆ ಮರುಳಾಗುವವರಲ್ಲ. ಒಂದು ಹನಿ ಹರಿಯುವ ಮೊದಲೇ ಹೆಚ್ಚೂಕಡಿಮೆ ಮೂರು ಪಟ್ಟು ಬೆಳೆದ ಯೋಜನೆ ಜಗತ್ತಿನಲ್ಲಿ ಎಷ್ಟಿವೆ ಎಂದು ಕೇಳಿದರು. ಉತ್ತರ ಕೊಡಲು ಯಾರಿಗೂ ಬಾಯಿ ಬರಲಿಲ್ಲ. 2024ರ ಗೌರಿ ಹಬ್ಬದ ದಿನ ಮೊದಲ ಹಂತ ಉದ್ಘಾಟನೆಯಾಗಿ ನೀರು ವೇದಾವತಿ ಕಣಿವೆ ಹಿಡಿದು ವಾಣಿವಿಲಾಸ ಸಾಗರದ ಕಡೆಗೆ ಹೋಯಿತು. ಕೋಲಾರದವರು ಕಾಯುತ್ತಿದ್ದರು. ಕಾಯುವುದೂ ಬೆಳವಣಿಗೆಯ ಒಂದು ಹಂತವೇ ಎಂದು ಅವರಿಗೆ ಅಂಕಣದಲ್ಲಿ ಸಮಾಧಾನ ಸಿಕ್ಕಿತು.

ಆ ಹಬ್ಬಕ್ಕೆ ಅವರು ಮಾವನ ಮನೆಗೂ ಬಂದಿದ್ದರು. ನಾನೂ ಜಗಲಿಯಲ್ಲಿದ್ದೆ. ಅವರ ಮಾವನದು ಜಾವಗಲ್ ಕಡೆ ಐದೆಕರೆ ತೆಂಗು, ಅದರಲ್ಲಿ ಬತ್ತಿದ ಕೊಳವೆಬಾವಿ ಮೂರು. ಹಿಂದಿನ ವರ್ಷ ಉಂಡೆ ಕೊಬ್ಬರಿಗೆ ಬೆಂಬಲ ಬೆಲೆ ಕ್ವಿಂಟಾಲಿಗೆ 11,750 ಎಂದಿದ್ದರೂ ಪೇಟೆಯಲ್ಲಿ ಅಷ್ಟು ಸಿಗದೆ ಮುದುಕರು ಸೋತಿದ್ದರು. ಅಳಿಯಂದಿರು ಒಬ್ಬಟ್ಟು ತಿನ್ನುತ್ತ ಐದು ಲಕ್ಷ ಕೋಟಿ ಡಾಲರಿನ ಅರ್ಥವ್ಯವಸ್ಥೆ ವಿವರಿಸುತ್ತಿದ್ದರು. ಮುದುಕರು ಎದ್ದು ಅಟ್ಟದಿಂದ ಎರಡು ಕಾಯಿ ತಂದು, ಒಂದನ್ನು ಅಳಿಯಂದಿರ ಕಿವಿಯ ಹತ್ತಿರ ಅಲ್ಲಾಡಿಸಿದರು. ಸದ್ದಿಲ್ಲ. ಇನ್ನೊಂದನ್ನು ಅಲ್ಲಾಡಿಸಿದರು. ಗಡಗಡ ಅಂದಿತು.

"ಹಸಿ ಇದ್ದಾಗ ಕಾಯಿ ಮಾತಾಡಲ್ಲ, ಅಳಿಯಂದ್ರೇ. ನೀರೆಲ್ಲ ಆರಿ, ಒಳಗೇ ಕುಗ್ಗಿದ ಮೇಲೇ ಇಷ್ಟು ಗದ್ದಲ."

ಅಳಿಯಂದಿರು ಬರೆದುಕೊಂಡರು. ಮುಂದಿನ ವಾರದ ಅಂಕಣದ ತಲೆಬರಹ: 'ಗ್ರಾಮೀಣ ಆರ್ಥಿಕತೆಯ ಸದ್ದು ಕೇಳಿಸುತ್ತಿದೆ'.

ಇಂಥವರನ್ನು ಸನ್ಮಾನಿಸದಿದ್ದರೆ ಊರಿಗೇ ಅಪಕೀರ್ತಿ ಎಂದು ಬಸ್ತಿಹಳ್ಳಿಯಲ್ಲಿ ಸಮಿತಿ ಮಾಡಿದ್ದೇವೆ. ಮೊದಲ ಸಭೆಯಲ್ಲಿ ಎಂಟು ಸಾವಿರ ಸಾಕು ಎಂದಿದ್ದೆವು. ಮೊನ್ನೆಯ ಸಭೆಗೆ ಇಪ್ಪತ್ತಮೂರು ಸಾವಿರ ದಾಟಿದೆ. ಶಾಲು ಮಾತ್ರ ಅದೇ ಒಂದು. ಓದುಗರು ದಯವಿಟ್ಟು ವಂತಿಗೆ ಕಳಿಸಿಕೊಡಬೇಕು, ಮುಂದಿನ ಸಭೆಯ ಒಳಗೆ.