ಗೋಕಾಕದಾಗ ಪರಮಾಣಿ

(ಗೋಕಾಕದ ಚಹಾದಂಗಡಿ. ಮೂಡಲಗಿ ಮಾವ ಬದುವಿನ ಜಗಳ ಬಗೆಹರಿಸುವ ಹಿರೇಮನಿಷ್ಯಾ. ಹಂಗಾಗಿ ಒಂದು ಜಗಳವೂ ಮುಗಿದಿಲ್ಲ. ಹುಕ್ಕೇರಿ ತಮ್ಮನ ಕೈಯಾಗ ಪೇಪರು.)

ಮಾವ: ಇರಾನದ್ದೇನೋ ಗದ್ದಲ?

ತಮ್ಮ: ಯುರೇನಿಯಂ ರೀ. 3.67 ಟಕ್ಕೆ ದಾಟಬಾರದಂತ 2015ರಾಗ ವಿಯೆನ್ನಾದಾಗ ಕರಾರ ಆಗಿತ್ತು.

ಮಾವ: ಬಾಂಬ್ ಮಾಡಂಗಿಲ್ಲ ಅಂತ ಆಣಿ? ಅದಕ್ಕ ಪರಮಾಣಿ ಅಂತಾರು! ಇರಾನದವ್ರು ಮುರದ್ರೇನು?

ತಮ್ಮ: ಮೊದಲ ಟ್ರಂಪ್ ಸಾಹೇಬ್ರು 2018ರಾಗ ಎದ್ದು ಹೋದ್ರು. ಆಮ್ಯಾಲ ಇವ್ರು 60ಕ್ಕ ಏರಿದ್ರು.

ಮಾವ: ಎದ್ದು ಹೋದವ್ರು ಈಗೇನಂತಾರ?

ತಮ್ಮ: ಹೊಸಾ ಕರಾರ ಮಾಡೂಣು ಬರ್ರಿ ಅಂತಾರ.

ಕಾಕಾ (ಚಹಾ ಸೋಸುತ್ತ): ನನ್ನ ಉದ್ರಿ ಗಿರಾಕಿನೂ ಹಂಗ. ಹಳೇ ವಹಿ ಹರದು, ಹೊಸಾದ್ರಾಗ ಬರಕೋ ಅಂತಾನ.

ತಮ್ಮ: 2025ರ ಜೂನ್ 15ಕ್ಕ ಮಸ್ಕತ್ತಿನಾಗ ಮಾತುಕತಿ ಇತ್ತು. 13ಕ್ಕ ಇಸ್ರೇಲ್ ಬಾಂಬ್ ಹಾಕ್ತು. 22ಕ್ಕ ಅಮೆರಿಕಾ ಫೋರ್ಡೋ, ನತಾಂಜ್, ಇಸ್ಫಹಾನ್ ಮ್ಯಾಲ.

ಮಾವ: ಮಾತು ಮಸ್ಕತ್ತಿನಾಗ, ಕತಿ ನತಾಂಜಿನಾಗ ಮುಗಸ್ಯಾರ!

ಕಾಕಾ: ತಪಾಸಣಿ ಮಾಡವ್ರಿಲ್ಲೇನು?

ತಮ್ಮ: ಅದಾರ, ಐಎಇಎದವ್ರು. ಅಣುಬಾಂಬ್ ಹರಡಬಾರದನ್ನೂ ಎನ್‌ಪಿಟಿ ಕರಾರಕ್ಕ ಇರಾನ ಸಹಿ ಹಾಕೈತಿ, ಅದಕ್ಕ ತಪಾಸಣಿ. ಇಸ್ರೇಲ್ ಹಾಕಿಲ್ಲ, ಅವ್ರ ಡಿಮೋನಾ ಅಣುಕೇಂದ್ರದ ಬಾಗಲಾ ಯಾರೂ ಬಡಿಯಂಗಿಲ್ಲ.

ಮಾವ: ಅಂದ್ರ ತಪ್ಪು ಸಹಿದು! ನಾ ನಿನ್ನಿ ಸೊಸೈಟ್ಯಾಗ ಜಾಮೀನಕ್ಕ ಹಾಕಿ ಬಂದೀನಲ್ಲೋ!

ಕಾಕಾ: ನಮ್ಮ ಭಾರತ ಹಾಕೈತಿಲ್ಲೋ?

ತಮ್ಮ: ನಾವೂ ಹಾಕಿಲ್ರೀ.

ಕಾಕಾ: ಹಂಗಾರ ಸಣ್ಣಗ ಮಾತಾಡ್ರಿ.

ಮಾವ: ಇಲ್ಲೀತನಕ ಊರ ಮ್ಯಾಲ ಅಣುಬಾಂಬ್ ಒಗದವ್ರು ಯಾರು?

ತಮ್ಮ: 1945ರಾಗ, ಹಿರೋಶಿಮಾ, ನಾಗಸಾಕಿ ಮ್ಯಾಲ. ಅಮೆರಿಕಾ ಒಂದ.

ಮಾವ: ಚಲೋ ಆತು. ಬುದ್ಧಿ ಹೇಳವ್ರು ಅನುಭವಸ್ಥರ ಅದಾರ.