ಹಿಂಡಿನಿಂದ ಹೊರಗೆ ನಿಂತ ಪದ

ನಮ್ಮ ಮನೆಗೂ ಪಕ್ಕದ ರಾಯರ ಮನೆಗೂ ನಡುವಿನ ಕಾಂಪೌಂಡ್ ಗೋಡೆ ಎದೆಮಟ್ಟದ್ದು. ಇನ್ನೊಂದಡಿ ಎತ್ತರಿಸಿದ್ದರೆ ಎರಡೂ ಮನೆಯಲ್ಲಿ ಕಾಫಿ ಇಷ್ಟು ಆರುತ್ತಿರಲಿಲ್ಲ. ರಾಯರು ಬ್ಯಾಂಕ್ ಮ್ಯಾನೇಜರಾಗಿ ನಿವೃತ್ತರಾದವರು. ನಾನು ಹೈಸ್ಕೂಲಿನಲ್ಲಿ ಇಂಗ್ಲಿಷ್ ಹೇಳಿಕೊಟ್ಟು ಗಂಟಲು ಕೆಡಿಸಿಕೊಂಡವನು. ಬಡ್ಡಿಯ ಅನುಮಾನ ಬಂದರೆ ನಾನು ಗೋಡೆ ಹತ್ತಿರ ಹೋಗುತ್ತೇನೆ, ಇಂಗ್ಲಿಷಿನ ಅನುಮಾನ ಬಂದರೆ ಅವರು ಬರುತ್ತಾರೆ. ಮೊನ್ನೆ ಬಂದಾಗ ಮುಖ ಸಪ್ಪಗಿತ್ತು.

“ಮೇಷ್ಟ್ರೇ, ಮೊಮ್ಮಗ ಏನೋ ಎಡವಟ್ಟು ಮಾಡ್ಕೊಂಡಿದಾನೆ ಅಂತ ಕಾಣತ್ತೆ.”

ಮೊಮ್ಮಗ ಓದುತ್ತಿರುವುದು ಇಟಲಿಯ ಮಿಲಾನ್‌ನಲ್ಲಿ. ಬಾಡಿಗೆ ಕೋಣೆಯ ವಿಷಯವಾಗಿ ಅವನಿಗೊಂದು ಕಾಗದ ಬಂದಿತ್ತು. ಅದರ ಫೋಟೋ ಅಮ್ಮನಿಗೆ ಹೋಗಿ, ಅಲ್ಲಿಂದ ವಾಟ್ಸ್ಆಪ್‌ನಲ್ಲಿ ತಾತನವರೆಗೂ ಬಂದಿತ್ತು. ಇಟಾಲಿಯನ್ ಯಾರಿಗೆ ಬರುತ್ತದೆ? ಆದರೆ ಮೊದಲ ಸಾಲಿನಲ್ಲೇ, ಹುಡುಗನ ಹೆಸರಿನ ಹಿಂದೆ, ರಾಯರಿಗೆ ಚೆನ್ನಾಗಿ ಪರಿಚಯವಿದ್ದ ಪದವೊಂದು ಕೂತಿತ್ತು: ‘ಎಗ್ರೇಜೊ’.

“ನನ್ನ ಸರ್ವೀಸಿನುದ್ದಕ್ಕೂ ಈ ಪದಾನ ಒಂದೇ ಕಡೆ ನೋಡಿರೋದು. ಫ್ರಾಡ್ ಪಕ್ಕದಲ್ಲಿ. ಎಗ್ರೀಜಿಯಸ್ ಫ್ರಾಡ್, ಘೋರ ಮೋಸ! ಹುಡುಗನ್ನ ಹಾಗೆ ಕರೆದಿದಾರಲ್ರೀ.”

ನಾನು ನಕ್ಕೆ. ನಗಬಾರದಿತ್ತು, ಅವರಿಗೆ ಸಿಟ್ಟೂ ಬಂತು. ಆದರೆ ಇಟಲಿಯವರು ಆ ಹುಡುಗನಿಗೆ ಮಾಡಿದ್ದು ಗೌರವ. ಗಂಡಸರಿಗೆ ಬರೆಯುವ ಔಪಚಾರಿಕ ಕಾಗದ ಅಲ್ಲಿ ಸಾಮಾನ್ಯವಾಗಿ ‘ಎಗ್ರೇಜೊ ಸಿನ್ಯೋರೆ’ ಅಂತ ಶುರುವಾಗುತ್ತದೆ. ವಕೀಲರಿಗೆ ಬರೆದರೂ ಅದೇ, ಡಾಕ್ಟರಿಗೆ ಬರೆದರೂ ಅದೇ. ವಿಳಾಸದ ಮೇಲೆ ಇನ್ನೂ ಮೊಟಕು ಮಾಡಿ ‘ಎಗ್ರ್. ಸಿಗ್.’ ಎಂದು ಹಾಕುತ್ತಾರೆ. ನಮ್ಮ ಹಿರಿಯರು ಕಾಗದದ ತಲೆಯಲ್ಲಿ ‘ಮ॥ ರಾ॥ ರಾ॥ ಶ್ರೀ’ ಎಂದು ಹಾಕುತ್ತಿದ್ದರಲ್ಲ, ಅದೇ ಜಾತಿ. ಬಾಡಿಗೆ ಬಾಕಿ ಕೇಳುವ ಕಾಗದವಾದರೂ ಶುರುವಾಗುವುದು ಹಾಗೇ.

ಅಷ್ಟರಲ್ಲಿ ರಾಯರ ಮನೆಯವರು ಒಣಗಿದ ಬಟ್ಟೆ ತೆಗೆಯುತ್ತಿದ್ದವರು ಅಲ್ಲಿಂದಲೇ ಕೇಳಿದರು: “ಹೆಂಗಸರಿಗೆ ಏನಂತ ಬರೀತಾರಂತೆ?”

‘ಜೆಂಟೀಲೆ ಸಿನ್ಯೋರಾ’ ಎಂದು. ಸೌಜನ್ಯದ ಮಾತೇ, ಆದರೆ ಅದರ ಬೇರು ಲ್ಯಾಟಿನ್ನಿನ ‘ಜೆನ್ಸ್’, ಅಂದರೆ ಕುಲ, ವಂಶ. ‘ಎಗ್ರೇಜೊ’ ಬೇರು ಇನ್ನೊಂದು: ‘ಎಕ್ಸ್’ ಅಂದರೆ ಹೊರಗೆ, ‘ಗ್ರೆಕ್ಸ್’ ಅಂದರೆ ಹಿಂಡು. ಹಿಂಡಿನಿಂದ ಹೊರಗೆ ಎದ್ದು ಕಾಣುವವನು. ಅಂದರೆ ಗಂಡಸಿಗೆ ಹಿಂಡಿನಾಚೆ ನಿಂತ ಕೀರ್ತಿ, ಹೆಂಗಸಿಗೆ ಕುಲದೊಳಗೆ ಇದ್ದ ಕೀರ್ತಿ.

“ಸರಿಹೋಯ್ತು. ಅಲ್ಲೂ ಅದೇ ಕತೆ” ಎಂದು ಅವರು ಬಟ್ಟೆ ಹೊತ್ತು ಒಳಗೆ ಹೋದರು. ಭಾಷಾಶಾಸ್ತ್ರದ ಮೇಲೆ ಇಷ್ಟು ಚುಟುಕಾದ ವಿಮರ್ಶೆಯನ್ನು ನಾನು ಬೇರೆ ಕಡೆ ಕೇಳಿಲ್ಲ.

ಆ ‘ಗ್ರೆಕ್ಸ್’ ಎಂಬ ಹಿಂಡು ಇಂಗ್ಲಿಷಿನ ತುಂಬ ಮೇಯುತ್ತಿದೆ. ಚರ್ಚಿನಲ್ಲಿ ಸೇರುವ ‘ಕಾಂಗ್ರಿಗೇಶನ್’, ಹಸಿ ಕಸ ಒಣ ಕಸ ಬೇರೆ ಮಾಡಿ ಎಂದು ಪಾಲಿಕೆಯವರು ಬೆಳಗ್ಗೆ ಬೆಳಗ್ಗೆ ಹೇಳುವ ‘ಸೆಗ್ರಿಗೇಶನ್’, ಮಾರ್ಕ್ಸ್ ಕಾರ್ಡಿನ ‘ಅಗ್ರಿಗೇಟ್’ ಎಲ್ಲವೂ ಅದರ ಮರಿಗಳೇ. ಜನ ಕಂಡರೆ ಮಾತಿಗೆ ನಿಲ್ಲುವವನನ್ನು ‘ಗ್ರಿಗೇರಿಯಸ್’ ಎನ್ನುತ್ತಾರೆ. ಕಾಂಪೌಂಡ್ ಗೋಡೆಗೆ ಒರಗುವ ನಮ್ಮಂಥವರು ಆ ಪೈಕಿ. ಮಿಕ್ಕವರೆಲ್ಲ ಮರ್ಯಾದೆಯಾಗಿ ಬದುಕಿದ್ದಾರೆ. ಹೆಸರು ಕೆಡಿಸಿಕೊಂಡದ್ದು ‘ಎಗ್ರೀಜಿಯಸ್’ ಒಂದೇ. ಅದೂ ಇಂಗ್ಲಿಷಿಗೆ ಬಂದ ಮೇಲೆ.

ಹದಿನಾರನೇ ಶತಮಾನದಲ್ಲಿ ಅದು ಇಂಗ್ಲೆಂಡಿಗೆ ಬಂದಾಗ ಅಲ್ಲೂ ಶ್ರೇಷ್ಠ, ಗಣ್ಯ ಎಂಬ ಅರ್ಥವೇ ಇತ್ತು. 1590ರಲ್ಲಿ ಅಚ್ಚಾದ ಮಾರ್ಲೋನ ‘ಟ್ಯಾಂಬರ್ಲೇನ್’ ನಾಟಕದಲ್ಲಿ (ನಮ್ಮ ಇತಿಹಾಸದ ಪುಸ್ತಕಗಳ ತೈಮೂರನೇ ಅವನು) ಅಧೀನ ದೊರೆಗಳನ್ನು ಈ ಪದ ಹಾಕಿಯೇ ಮರ್ಯಾದೆಯಿಂದ ಕರೆಯುತ್ತಾರೆ. ಅದೇ ಹೊತ್ತಿಗೆ ಪಕ್ಕದ ಬೀದಿಯಲ್ಲಿ ಪದ ಜಾರಲು ಶುರುವಾಗಿತ್ತು. ಶೇಕ್ಸ್‌ಪಿಯರನನ್ನು ನೋಡಿ. ‘ಐದನೇ ಹೆನ್ರಿ’ಯಲ್ಲಿ ಪಿಸ್ಟಲ್ ಎಂಬ ಬಡಾಯಿಕೋರ ಯುದ್ಧಭೂಮಿಯಲ್ಲಿ ಒಬ್ಬ ಫ್ರೆಂಚ್ ಸಿಪಾಯಿಯನ್ನು ಹಿಡಿದು ಬಿಡುಗಡೆಗೆ ‘ಎಗ್ರೀಜಿಯಸ್’ ಹಣ ಕೇಳುತ್ತಾನೆ. ಅಲ್ಲಿ ಪದಕ್ಕೆ ಒಳ್ಳೆಯದೂ ಇಲ್ಲ ಕೆಟ್ಟದ್ದೂ ಇಲ್ಲ. ಭಾರೀ ಮೊತ್ತ, ಅಷ್ಟೆ. ‘ಒಥೆಲೊ’ ನಾಟಕದ ಇಯಾಗೊ ತನ್ನ ದಣಿಯನ್ನು ಕತ್ತೆ ಮಾಡುವ ಸಂಚು ಹೂಡುವಾಗ ಎಂಥ ಕತ್ತೆ ಎಂದು ಹೇಳಲು ಇದನ್ನೇ ಬಳಸುತ್ತಾನೆ. ‘ಸಿಂಬಲೀನ್’ನಲ್ಲಿ ಪೋಸ್ತ್ಯುಮಸ್ ಹೆಂಡತಿಯನ್ನು ಕೊಲ್ಲಿಸಿದೆನೆಂದು ನಂಬಿ ಎದೆ ಬಡಿದುಕೊಳ್ಳುತ್ತ, ತನ್ನನ್ನೇ ಕೊಲೆಗಾರನೆಂದು ಬೈದುಕೊಂಡು ಅದರ ಹಿಂದೆ ಈ ವಿಶೇಷಣ ಹಚ್ಚಿಕೊಳ್ಳುತ್ತಾನೆ. ಒಬ್ಬನೇ ನಾಟಕಕಾರನಲ್ಲಿ ಪದ ಮೆಟ್ಟಿಲಿಳಿದು ನೆಲಮಾಳಿಗೆ ಸೇರುವುದು ಕಾಣುತ್ತದೆ. ಆಮೇಲೆ ಅದು ಮೇಲೆ ಬರಲೇ ಇಲ್ಲ.

“ಯಾಕೆ ಹಾಗಾಯ್ತು?” ಎಂದರು ರಾಯರು. ಕಾಗದದ ಭಯ ಹೋಗಿ ಈಗ ಕುತೂಹಲ ಬಂದಿತ್ತು.

ವ್ಯಂಗ್ಯದಿಂದ ಆಗಿರಬೇಕು ಎನ್ನುವುದು ನಿಘಂಟಿನವರ ಊಹೆ. ನನಗೆ ಅದರಲ್ಲಿ ಅನುಮಾನವೇ ಇಲ್ಲ, ಏಕೆಂದರೆ ನಾವೂ ದಿನಾ ಅದನ್ನೇ ಮಾಡುತ್ತೇವೆ. ಗೇಟಿಗೆ ಅಡ್ಡ ಯಾರೋ ಕಾರು ನಿಲ್ಲಿಸಿ ಹೋಗಿದ್ದರೆ ರಾಯರ ಬಾಯಲ್ಲಿ ಮೊದಲು ಬರುವ ಮಾತು “ಯಾವನ್ರೀ ಈ ಪುಣ್ಯಾತ್ಮ?” ಎಂದು. ಪುಣ್ಯಾತ್ಮನಿಗೆ ಅದು ಹೊಗಳಿಕೆಯಲ್ಲ. “ಮಹಾನುಭಾವ, ಫೋನಾದ್ರೂ ಎತ್ತಬಾರದಾ?” ಎಂದರೆ ಆ ಅನುಭಾವಕ್ಕೂ ಅಧ್ಯಾತ್ಮಕ್ಕೂ ಸಂಬಂಧವಿಲ್ಲ. ‘ಘನಂದಾರಿ’ಯನ್ನಂತೂ ನಾವು ಪೂರ್ತಿ ಮುಗಿಸಿದ್ದೇವೆ. ಘನ ಎಂಬ ಅಷ್ಟು ದೊಡ್ಡ ಮಾತು ಒಳಗಿದ್ದರೂ “ಏನು ಘನಂದಾರಿ ಕೆಲಸ ಮಾಡಿದೀಯಾ?” ಎಂದು ಮಗನನ್ನು ಕೇಳಿದರೆ ಅವನು ಬಹುಮಾನಕ್ಕೆ ಕೈ ಚಾಚುವುದಿಲ್ಲ, ಕೋಣೆ ಸೇರಿ ಬಾಗಿಲು ಹಾಕಿಕೊಳ್ಳುತ್ತಾನೆ. ಪುಣ್ಯಾತ್ಮನಿಗೆ ಇನ್ನೂ ಎರಡೂ ಮುಖ ಉಳಿದಿವೆ, ಅನ್ನ ಹಾಕಿದವನನ್ನೂ ಹಾಗೇ ಕರೆಯುತ್ತೇವೆ. ಘನಂದಾರಿಯನ್ನು ಮಾತ್ರ ನೆಟ್ಟಗಿನ ಅರ್ಥದಲ್ಲಿ ಹೇಳಿದವರನ್ನು ನಾನು ಕಂಡಿಲ್ಲ. ‘ಎಗ್ರೀಜಿಯಸ್’ ಪಾಡೂ ಅದೇ. ಇಂಗ್ಲಿಷರು ಅದನ್ನು ಅಷ್ಟು ಸಲ ಮೂಗು ಮುರಿದು ಹೇಳಿದರು, ಕೊನೆಗೆ ಮುರಿದ ಮೂಗೇ ಅದರ ಮುಖವಾಯಿತು. ಇಟಲಿಯವರೂ ಸ್ಪೇನಿನವರೂ ಹಾಗೆ ಮಾಡಲಿಲ್ಲ, ಅವರಲ್ಲಿ ಅದಿನ್ನೂ ಗಣ್ಯರ ಪದ.

ಈಗ ರಾಯರ ಸರದಿ. ನಾನು ನಾಟಕ ಹೇಳಿದ್ದಕ್ಕೆ ಅವರು ಬ್ಯಾಂಕ್ ಗ್ಯಾರಂಟಿ ಹೇಳಿದರು. ನಿಜ ಹೇಳಬೇಕೆಂದರೆ ಶೇಕ್ಸ್‌ಪಿಯರನಿಗಿಂತ ಅದರಲ್ಲೇ ನಾಟಕ ಹೆಚ್ಚಿತ್ತು.

ಗುತ್ತಿಗೆದಾರನೊಬ್ಬ ಇಲಾಖೆಯ ಕೆಲಸ ಹಿಡಿಯುತ್ತಾನೆ ಎನ್ನಿ. ಕೆಲಸ ಕೆಟ್ಟರೆ ಇಷ್ಟು ಹಣ ಕೊಡುತ್ತೇವೆಂದು ಅವನ ಪರವಾಗಿ ಬ್ಯಾಂಕು ಇಲಾಖೆಗೆ ಸ್ಟ್ಯಾಂಪ್ ಪೇಪರಿನ ಮೇಲೆ ಬರೆದುಕೊಡುತ್ತದೆ. ಅದರಲ್ಲಿ ‘ಆನ್ ಡಿಮ್ಯಾಂಡ್’, ‘ವಿದೌಟ್ ಡಿಮರ್’ ಎಂದು ಇರುತ್ತದೆ. ಕೇಳಿದ ತಕ್ಷಣ, ತಕರಾರಿಲ್ಲದೆ. ಮುಂದೆ ಬಿಲ್ಲಿನ ಮೇಲೆ ಜಗಳ ಹತ್ತುತ್ತದೆ, ಕೆಲಸ ನಿಲ್ಲುತ್ತದೆ, ಇಲಾಖೆಯವರು ಗ್ಯಾರಂಟಿಯನ್ನು ‘ಇನ್ವೋಕ್’ ಮಾಡಿ ಪತ್ರ ಕಳಿಸುತ್ತಾರೆ.

“ಆ ಪತ್ರ ಬರೋದು ಯಾವಾಗ ಗೊತ್ತಾ? ಗ್ಯಾರಂಟಿ ಅವಧಿ ಮುಗಿಯೋ ದಿನ, ಕ್ಯಾಶ್ ಕೌಂಟರ್ ಮುಚ್ಚೋ ಹೊತ್ತಿಗೆ. ಇಲಾಖೆ ಜವಾನ ಟೇಬಲ್ ಮುಂದೆ ನಿಂತು, ನಕಲಿನ ಮೇಲೆ ಸೀಲು ಬಿದ್ದು, ಟೈಮೂ ಬರೆಸಿಕೊಂಡೇ ಹೋಗೋದು. ಅವನ ಬೆನ್ನಿಗೇ ಗುತ್ತಿಗೆದಾರ. ‘ಸಾರ್, ನಾಳೆ ಒಂದಿನ ತಡೀರಿ, ಸ್ಟೇ ತರ್ತೀನಿ.’ ಹೆಂಗೆ ತಡೆಯೋದ್ರೀ? ತಡೆದರೆ ಬ್ಯಾಂಕಿನ ಮಾತಿಗೆ ಬೆಲೆ ಏನು ಉಳೀತು?”

ಅವನು ವಕೀಲರ ಹತ್ತಿರ ಓಡುತ್ತಾನೆ. ವಕೀಲರು ಅರ್ಜಿಯಲ್ಲಿ ಬರೆಯುವ ಪದವೇ ನಮ್ಮ ‘ಎಗ್ರೀಜಿಯಸ್’. ಏಕೆಂದರೆ ನಮ್ಮ ಸುಪ್ರೀಂ ಕೋರ್ಟು ಬ್ಯಾಂಕ್ ಗ್ಯಾರಂಟಿಗೆ ತಡೆ ಕೊಡುವ ಬಾಗಿಲನ್ನು ಬಹಳ ಕಿರಿದು ಮಾಡಿ, ಆ ಬಾಗಿಲ ಮೇಲೆ ಈ ವಿಶೇಷಣವನ್ನು ಕೆತ್ತಿಬಿಟ್ಟಿದೆ. 1988ರ ಕಾನೂನು ವರದಿಗಳಲ್ಲಿ ಸಿಗುವ ಉತ್ತರ ಪ್ರದೇಶ ಕೋಆಪರೇಟಿವ್ ಫೆಡರೇಶನ್ ಮತ್ತು ಸಿಂಗ್ ಕನ್ಸಲ್ಟೆಂಟ್ಸ್ ನಡುವಿನ ಮೊಕದ್ದಮೆ ಇದಕ್ಕೆ ಹೆಸರಾದದ್ದು. ವನಸ್ಪತಿ ಕಾರ್ಖಾನೆ ಕಟ್ಟುವ ಕರಾರಿನ ಜಗಳ ಅದು. ಕರಾರಿನ ಜಗಳ ನಿಮ್ಮಿಬ್ಬರದು, ಬ್ಯಾಂಕು ಕೊಟ್ಟ ಮಾತು ಬೇರೆಯದು ಎಂದು ಹೇಳಿ ಕೋರ್ಟು ತಡೆಯನ್ನು ತೆಗೆದುಹಾಕಿತು. ಮೋಸ ಎಂದರೆ ಸಾಲದು. ‘ಎಗ್ರೀಜಿಯಸ್’ ಸ್ವರೂಪದ ಮೋಸ ಆಗಿರಬೇಕು, ಇಡೀ ವ್ಯವಹಾರವೇ ಬುಡದಿಂದ ಕೆಟ್ಟಿರಬೇಕು. ಅದು ಬಿಟ್ಟರೆ, ಹಣ ಹೋದರೆ ಮತ್ತೆಂದೂ ಸರಿಪಡಿಸಲಾಗದ ಅನ್ಯಾಯವಾಗುತ್ತದೆ ಎಂದು ತೋರಿಸಬೇಕು. 2007ರ ಹಿಮಾದ್ರಿ ಕೆಮಿಕಲ್ಸ್ ತೀರ್ಪಿನಲ್ಲೂ ಇವೇ ಸೂತ್ರಗಳು ಬಂದಿವೆ.

ತಮಾಷೆ ಎಂದರೆ, 1872ರ ಕರಾರು ಕಾಯ್ದೆಯ 17ನೇ ಕಲಂ ‘ಫ್ರಾಡ್’ ಎಂದರೆ ಏನೆಂದು ಬಿಡಿಸಿ ಹೇಳುತ್ತದೆ, ಅಲ್ಲಿ ಈ ವಿಶೇಷಣದ ಸುಳಿವೇ ಇಲ್ಲ. ನ್ಯಾಯಾಧೀಶರು ತಂದದ್ದು ಅದು. ತಂದದ್ದೇ ತಡ, ಪ್ರತಿ ಅರ್ಜಿಯಲ್ಲೂ ಪ್ರತಿ ಮೋಸವೂ ‘ಎಗ್ರೀಜಿಯಸ್’ ಆಗಿಹೋಯಿತು.

“ಅರ್ಜೀಲಿ ಬರೆದ ಮಾತ್ರಕ್ಕೆ ಸ್ಟೇ ಸಿಗತ್ತಾ?” ಎಂದೆ.

“ಎಲ್ಲಿಂದ ಸಿಗಬೇಕು? ಜಡ್ಜು ಮೊದಲು ಕೇಳೋದು ಯಾರು, ಯಾವತ್ತು, ಏನು ಮಾಡಿದ್ರು ಅಂತ.”

ರಾಯರ ಮಾತಿಗೆ ಕಾನೂನಿನ ಆಧಾರವೂ ಇದೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 6ನೇ ಆದೇಶದ 4ನೇ ನಿಯಮ ಹೇಳುವುದು ಅದನ್ನೇ: ಮೋಸ ಎಂದು ಆರೋಪಿಸುವವನು ವಿವರ ಕೊಡಬೇಕು. ಇಂಗ್ಲಿಷ್ ಮೇಷ್ಟ್ರುಗಳೆಲ್ಲ ಪ್ರಬಂಧದ ತರಗತಿಯಲ್ಲಿ ಹೇಳಿ ಹೇಳಿ ಸೋತ ಮಾತನ್ನು ಒಂದು ಕಾಯ್ದೆ ಎರಡು ಸಾಲಿನಲ್ಲಿ ಹೇಳಿದೆ. ವಿಶೇಷಣ ಆಮೇಲೆ, ಮೊದಲು ನಡೆದದ್ದು ಬರೆ.

ನಮ್ಮ ಕೋರ್ಟಿನಲ್ಲಿ ಮೋಸಕ್ಕೆ ಅಂಟಿದ ಪದ ಬ್ರೆಜಿಲ್ ದೇಶದಲ್ಲಿ ಕೋರ್ಟಿಗೇ ಬಿರುದು. ಅಲ್ಲಿಯ ಪೋರ್ಚುಗೀಸಿನಲ್ಲಿ ವಕೀಲರು ಮೇಲ್ಮನವಿ ಬರೆಯುವಾಗ ನ್ಯಾಯಾಲಯವನ್ನು ಸಂಬೋಧಿಸುವುದು ‘ಎಗ್ರೆಜಿಯೋ ತ್ರಿಬುನಾಲ್’ ಎಂದು. ಇದನ್ನು ಹೇಳಿದಾಗ ರಾಯರು ಸ್ವಲ್ಪ ಹೊತ್ತು ಸುಮ್ಮನಿದ್ದು, “ಇಲ್ಲಿ ಯಾರಾದ್ರೂ ಹಾಗೆ ಬರೆದ್ರೆ ನ್ಯಾಯಾಂಗ ನಿಂದನೆ ಆಗತ್ತೆ” ಎಂದರು.

ಇನ್ನು ಬಳಕೆಯ ಮಾತು. ಉಚ್ಚಾರ ಮೊದಲು: ನಾವು ‘ಎಗ್ರೀಜಿಯಸ್’ ಎಂದು ಎಳೆದರೂ ನಿಘಂಟು ಕೊಡುವುದು ‘ಇಗ್ರೀಜಸ್’. ಒತ್ತು ನಡುವಿನ ‘ಗ್ರೀ’ ಮೇಲೆ. ಅರ್ಥ: ಕೆಟ್ಟದ್ದರಲ್ಲೂ ಎದ್ದು ಕಾಣುವಷ್ಟು ಕೆಟ್ಟದ್ದು. ಅದರ ಜೊತೆ ಸಾಮಾನ್ಯವಾಗಿ ಬರುವವರು ತಪ್ಪು, ನಿಯಮಭಂಗ, ದುರ್ನಡತೆ, ವಂಚನೆ. ಇದರ ನೆಂಟ ‘ಫ್ಲೇಗ್ರಂಟ್’ ಇನ್ನೊಬ್ಬ. ಅವನ ಬೇರು ಉರಿಯುವುದರಲ್ಲಿದೆ, ಹಾಡಹಗಲಲ್ಲಿ ನಾಚಿಕೆ ಬಿಟ್ಟು ಮಾಡಿದ್ದಕ್ಕೆ ಅವನು ಸರಿ. ಗುಟ್ಟಾಗಿ ಮಾಡಿದ ಘೋರಕ್ಕೆ ‘ಇಗ್ರೀಜಸ್’ ಒಪ್ಪುತ್ತದೆ, ‘ಫ್ಲೇಗ್ರಂಟ್’ ಒಪ್ಪುವುದಿಲ್ಲ.

ಯಾವ ತಪ್ಪಿಗೆ ಇದನ್ನು ಹಚ್ಚಬಹುದು? ಮಾಡಿದವನಿಗೆ ಗೊತ್ತಿರಲೇಬೇಕಾಗಿದ್ದ ನಿಯಮವನ್ನು ಮುರಿದಿರಬೇಕು ಎಂಬುದು ನನ್ನ ಅಳತೆ. ಐದನೇ ಕ್ಲಾಸಿನ ಹುಡುಗನ ಕಾಗುಣಿತದ ತಪ್ಪು ಬರೀ ತಪ್ಪು. ಅದೇ ತಪ್ಪು ನಿಘಂಟಿನ ಮುಖಪುಟದಲ್ಲಿದ್ದರೆ ಅದು ‘ಇಗ್ರೀಜಸ್’. ಸಾರಿಗೆ ಉಪ್ಪು ಬಿದ್ದಿಲ್ಲ ಎಂಬುದಕ್ಕೆ ಈ ಪದ ಎತ್ತಿದರೆ ಮನೆಯಲ್ಲಿ ಊಟವೂ ಸಿಗುವುದಿಲ್ಲ, ಭಾಷೆಯೂ ಸವೆಯುತ್ತದೆ. ಇದಕ್ಕೆ ‘ವೆರಿ’ ಸೇರಿಸುವುದೂ ನನಗೆ ಒಗ್ಗದು. ಹಿಂಡಿನಿಂದ ಹೊರಗೆ ಬಂದವನು ಬಂದಾಯಿತು, ಇನ್ನೂ ಎಷ್ಟು ಹೊರಗೆ ತಳ್ಳುತ್ತೀರಿ?

ರಾಯರು ಮನೆಗೆ ಹೊರಡುವ ಮುಂಚೆ ಒಂದು ಸಂಗತಿ ಹೇಳಿದರು, ಅದನ್ನು ನಿಮಗೂ ಹೇಳಿಬಿಡುತ್ತೇನೆ. ಅವರ ಸಂಬಂಧಿಕರ ಹುಡುಗಿಯೊಬ್ಬಳು ಕೆಲಸದ ಅರ್ಜಿಯಲ್ಲಿ ತನ್ನ ಕಾಲೇಜು ದಿನಗಳನ್ನು ಈ ಪದದಿಂದಲೇ ಕೊಂಡಾಡಿಕೊಂಡಿದ್ದಳಂತೆ. ದಪ್ಪ ಪದಗಳ ಪಟ್ಟಿಯಲ್ಲಿ ಸಿಕ್ಕಿರಬೇಕು, ಪಕ್ಕದಲ್ಲಿ ‘ಅಸಾಮಾನ್ಯ’ ಎಂಬ ಅರ್ಧ ಅರ್ಥ ಕೊಟ್ಟಿರಬೇಕು. ನಿಮ್ಮ ಮನೆಯ ಮಕ್ಕಳ ಅರ್ಜಿಯಲ್ಲಿ ಇದು ಕಂಡರೆ ದಯವಿಟ್ಟು ಹೊಡೆದುಹಾಕಿ. ಇಟಲಿಗೆ ಕಾಗದ ಬರೆಯುತ್ತಿದ್ದರೆ ಇರಲಿ. ಮತ್ತೆ, ಯಾರ ಕೆಲಸಕ್ಕಾದರೂ ಬ್ಯಾಂಕ್ ಗ್ಯಾರಂಟಿ ಕೊಡಿಸುವುದಿದ್ದರೆ ಸಹಿ ಹಾಕುವ ಮೊದಲು ಆ ‘ವಿದೌಟ್ ಡಿಮರ್’ ಇರುವ ಸಾಲನ್ನು ಎರಡು ಸಲ ಓದಿಕೊಳ್ಳಿ.